ನೊವೊಮಿಯ ನೆನಪು

ರೂತಳ ಪುಸ್ತಕ, ೧ನೇ ಅಧ್ಯಾಯ, ೧೯ರಿಂದ ೨೨ರ ವರೆಗಿನ ವಚನಗಳು



ನೊವೊಮಿಯು ಮೋವಾಬ್ ದೇಶದಿಂದ ಬೇತ್ಲೆಹೇಮಿಗೆ ಹಿಂದಿರುಗಿದಾಗ ಊರಿನ ಸ್ತ್ರೀಯರು ಆಕೆಯನ್ನು ಕಂಡು ಬೆರಗಾದರು. ಆಕೆಯೋ, ಹೊರಟಾಗ ತನ್ನ ಬಾಳು ತುಂಬಿತ್ತೆಂದೂ ಈಗ ದೇವರು ತನ್ನನ್ನು ಬರಿದುಮಾಡಿ ಕರತಂದನೆಂದೂ ಹೇಳಿಕೊಂಡಳು. ಈ ಮಾತನ್ನು ಅದೇ ಅಧ್ಯಾಯದ ಮೊದಲನೆಯ ವಚನದೊಂದಿಗೆ ಹೋಲಿಸಿ ನೋಡಿರಿ. ಆ ಕುಟುಂಬವು ಊರು ಬಿಟ್ಟದ್ದು ಯಾಕೆ? ಬರಗಾಲದ ದೆಸೆಯಿಂದಲ್ಲವೇ? ಗಂಡನೂ ಇಬ್ಬರು ಗಂಡುಮಕ್ಕಳೂ ಆಗ ಜೊತೆಯಲ್ಲಿದ್ದದ್ದು ನಿಜವೇ. ಆದರೆ ದೇಶದಲ್ಲಿ ಆಹಾರವಿರಲಿಲ್ಲ. ಆ ಮೂವರನ್ನೂ ಕಳೆದುಕೊಂಡು ಬಂದವಳಿಗೆ ಅವರ ಮುಖಗಳು ನೆನಪಿನಲ್ಲಿ ಉಳಿದವು, ಹಸಿವು ಅಳಿಸಿಹೋಯಿತು. ತಾನು ಬರಿಗೈಯವಳೆಂದು ಆಕೆ ಅಳುವಾಗಲೂ, ಬಿಡದೆ ಹಿಂಬಾಲಿಸಿ ಬಂದ ಸೊಸೆ ರೂತಳಿದ್ದಳು; ಆಕೆಯನ್ನು ಅತ್ತೆಯು ಲೆಕ್ಕಕ್ಕೆ ಹಿಡಿಯಲಿಲ್ಲ.

ಇದು ಸುಳ್ಳಾಡುವವಳ ಮಾತಲ್ಲ. ನೆನಪೆಂಬುದು ಪೆಟ್ಟಿಗೆಯಲ್ಲಿಟ್ಟ ಪತ್ರದ ಹಾಗೆ ಮಾರ್ಪಡದೆ ಇರುವಂಥದಲ್ಲ. ಕೇಂಬ್ರಿಜಿನ ಬಾರ್ಟ್ಲೆಟ್ ಎಂಬ ಪಂಡಿತನು ಒಂದು ಕಥೆಯನ್ನು ಓದಿದವರಿಂದ ಅದನ್ನು ಹಲವು ಸಾರಿ ಹೇಳಿಸಿ ನೋಡಿದನು. ಅವರು ತಮಗೆ ತಿಳಿಯದೆಯೇ ಕೆಲವನ್ನು ಬಿಟ್ಟು, ಕೆಲವನ್ನು ತಮ್ಮ ಎಣಿಕೆಗೆ ತಕ್ಕಂತೆ ಮಾರ್ಪಡಿಸಿದರೆಂದು ೧೯೩೨ರಲ್ಲಿ ಪ್ರಕಟವಾದ ತನ್ನ ಗ್ರಂಥದಲ್ಲಿ ತೋರಿಸಿದನು. ಶಾಂತಚಿತ್ತರ ನೆನಪೇ ಹೀಗಾದರೆ, ದುಃಖದಿಂದ ಜಜ್ಜಿಹೋದವರ ನೆನಪು ತಪ್ಪುವುದು ಆಶ್ಚರ್ಯವೇ?

ಸಾವಿನ ಮನೆಗಳಲ್ಲಿ ಇದನ್ನು ಕಾಣುತ್ತೇವೆ. ಹತ್ತು ರಾತ್ರಿ ನಿದ್ದೆಗೆಟ್ಟು ಉಪಚಾರ ಮಾಡಿದ ತಾಯಿಗೆ, ತಾನು ಕಣ್ಣು ಮುಚ್ಚಿದ ಒಂದು ಗಳಿಗೆ ಮಾತ್ರ ನೆನಪಿರುತ್ತದೆ. ಮಗುವನ್ನು ನಾನೇ ಕೊಂದೆನೆಂದು ಎದೆ ಬಡಿದುಕೊಳ್ಳುತ್ತಾಳೆ. ತಂದೆಯ ಕಡೆಯ ಮಾತನ್ನು ಅಣ್ಣನೊಂದು ವಿಧವಾಗಿಯೂ ತಮ್ಮನೊಂದು ವಿಧವಾಗಿಯೂ ನೆನಸಿಕೊಂಡು, ಒಬ್ಬರನ್ನೊಬ್ಬರು ಸುಳ್ಳುಗಾರರೆನ್ನುತ್ತಾರೆ; ಒಂದೇ ಒಲೆಯ ಮನೆ ಎರಡಾಗುತ್ತದೆ.

ಆದಕಾರಣ, ದುಃಖಿಸುವವರೇ, ಈ ದಿನಗಳಲ್ಲಿ ನಿಮ್ಮ ನೆನಪನ್ನು ನ್ಯಾಯಪೀಠದಲ್ಲಿ ಕೂಡ್ರಿಸಬೇಡಿರಿ. ಅದರ ಮಾತನ್ನು ನಂಬಿ ನಿಮಗಾಗಲಿ ಒಡಹುಟ್ಟಿದವರಿಗಾಗಲಿ ತೀರ್ಪು ಕೊಡಬೇಡಿರಿ. ದೇವರು ಕೈಬಿಟ್ಟನೆಂದು ನಿಶ್ಚಯಿಸಲೂ ಬೇಡಿರಿ.

ಸಭೆಯವರೇ, ನೀವು ಬೇತ್ಲೆಹೇಮಿನ ಸ್ತ್ರೀಯರನ್ನು ನೋಡಿರಿ. ಅವರು ನೊವೊಮಿಯ ಮಾತನ್ನು ಖಂಡಿಸಿದರೆಂದು ಬರೆದಿಲ್ಲ. ಆದರೆ ಸಮಯ ಬಂದಾಗ, ಓಬೇದನು ಹುಟ್ಟಿದ ಸಂತೋಷದಲ್ಲಿ, ಏಳು ಮಂದಿ ಗಂಡುಮಕ್ಕಳಿಗಿಂತ ಈ ಸೊಸೆಯೇ ಮೇಲೆಂದು ತಿಳಿಸಿ, ಆಕೆ ಕಾಣದೆ ಹೋದದ್ದನ್ನು ಕಾಣಿಸಿದರು. ನೀವೂ ಹಾಗೆಯೇ ಮಾಡಿರಿ. ಎದೆ ಬಡಿದುಕೊಳ್ಳುವ ಆ ತಾಯಿಯ ಬಳಿಯಲ್ಲಿ ಕೂತು, ವಾದಿಸದೆ, ನೀವು ಕಣ್ಣಾರೆ ಕಂಡ ಆ ಹತ್ತು ರಾತ್ರಿಗಳನ್ನು ಆಕೆಗೆ ಹೇಳಿರಿ. ನಮ್ಮ ನೆನಪು ತಪ್ಪಿದರೂ ನಮ್ಮನ್ನು ನೆನಸುವಾತನು ಮರೆಯುವವನಲ್ಲ. ಆಮೆನ್.