ಮೊಳದಲ್ಲಿ ಅಳೆಯುವ ಬೆಳಕು

ಡೊಂಬಿವಲಿ ಸ್ಟೇಷನ್ನಿನ ಹೊರಗೆ ಹೂವಿನವಳು ಮೊಣಕೈಯಿಂದ ಬೆರಳ ತುದಿಯವರೆಗೆ ಮಲ್ಲಿಗೆ ಮಾಲೆ ಅಳೆದು ಕೊಡುವುದನ್ನು ಎಷ್ಟೋ ವರ್ಷಗಳಿಂದ ನೋಡುತ್ತ ಬಂದಿದ್ದೇನೆ. ಬೆಳಕನ್ನೂ ಹಾಗೆ ಮೊಳದಲ್ಲಿ ಅಳೆಯಬಹುದೆಂದು ಹೊಳೆದದ್ದು ಮಾತ್ರ ಅವ್ವನ ಕಣ್ಣಿನ ದೆಸೆಯಿಂದ.

ಪೊರೆ ತೆಗೆಸಿ ಎರಡು ವರ್ಷವಾಗಿತ್ತು. ಮತ್ತೆ ಎಲ್ಲ ಮಂಜು ಮಂಜು. ಪೇಪರಿನ ತಲೆಬರಹ ಬಿಟ್ಟರೆ ಉಳಿದ ಅಕ್ಷರ ಅವ್ವನಿಗೆ ಕೂಡಿಬರುತ್ತಿರಲಿಲ್ಲ. ಕೃತಕ ಮಸೂರದ ಹಿಂದೆ ಉಳಿಸಿದ ತೆಳುಪದರ ಕೆಲವರಿಗೆ ಹೀಗೆ ಮಸುಕಾಗುತ್ತದೆ, ಯಾಗ್ ಲೇಸರಿನಿಂದ ಅದರಲ್ಲೊಂದು ಕಿಂಡಿ ತೆರೆದರಾಯಿತು ಎಂದರು ಡಾಕ್ಟರು. ಅವ್ವ ಯಂತ್ರಕ್ಕೆ ಗದ್ದ ಊರಿ ಕೂತಳು. ಡಾಕ್ಟರು ಕೆಂಪು ಚುಕ್ಕೆಯಿಂದ ಗುರಿ ಹಿಡಿದರು. ಟಿಕ್, ಟಿಕ್. ಹತ್ತು ನಿಮಿಷವೂ ಆಗಲಿಲ್ಲ.

"ಏನೂ ಮಾಡ್ಲೇ ಇಲ್ಲಲ್ಲೋ ತಮ್ಮಾ, ಬರೇ ಟಿಕ್ ಟಿಕ್ ಅಂದ್ರ ಆತೇನು?" ಎಂದಳು ಹೊರಗೆ ಬಂದು.

ಕೆಂಪು ಚುಕ್ಕೆ ಗುರಿ ತೋರಿಸಲಿಕ್ಕೆ ಮಾತ್ರ. ಕೆಲಸ ಮಾಡಿದ ಬೆಳಕಿನ ತರಂಗಾಂತರ 1064 ನ್ಯಾನೋಮೀಟರ್. ಅದು ನಮ್ಮ ಕಣ್ಣಿಗೆ ಕಾಣುವುದೇ ಇಲ್ಲ. ಅದರ ಒಂದೊಂದು ಮಿಡಿತ ಸುಮಾರು 4 ನ್ಯಾನೋಸೆಕೆಂಡಿನದು. ಒಂದು ನ್ಯಾನೋಸೆಕೆಂಡಿನಲ್ಲಿ ಬೆಳಕು ಓಡುವುದು 30 ಸೆಂಟಿಮೀಟರ್. ಅಂದರೆ ಅವ್ವನ ಕಣ್ಣು ಹೊಕ್ಕ ಬೆಳಕಿನ ಉದ್ದ 120 ಸೆಂಟಿಮೀಟರ್, ಮೂರು ಮೊಳಕ್ಕೂ ಕಡಿಮೆ! ಅದರಲ್ಲಿದ್ದ ಶಕ್ತಿ ಒಂದೆರಡು ಮಿಲಿಜೌಲ್. ನೆಲದ ಮೇಲೆ ಬಿದ್ದ ಒಂದು ಮಲ್ಲಿಗೆಯನ್ನು ಸೊಂಟದೆತ್ತರಕ್ಕೆ ಎತ್ತಲು ಬೇಕಾಗುವಷ್ಟು. ಆದರೆ ಅಷ್ಟನ್ನೂ ಆ ಕಿರುಗಳಿಗೆಯಲ್ಲೇ, ಕೂದಲೆಳೆಗಿಂತ ಸಣ್ಣ ಜಾಗಕ್ಕೆ ಸುರಿದರೆ? ಆ ಗಳಿಗೆಯ ಮಟ್ಟಿಗೆ ಅದು ಸುಮಾರು 5 ಲಕ್ಷ ವಾಟ್. ಪರಮಾಣುಗಳಿಂದ ಎಲೆಕ್ಟ್ರಾನುಗಳು ಕಿತ್ತುಬಂದು ಕಿಡಿ ಹೊತ್ತುತ್ತದೆ, ಕಿಡಿಯ ಆಘಾತಕ್ಕೆ ಪದರ ಬಿರಿಯುತ್ತದೆ. ಅವ್ವ ಕೇಳಿದ ಟಿಕ್ ಅದೇ. ಈ ಲೆಕ್ಕ ಹಾಕಿದ ರಾತ್ರಿ ನನಗೆ ನಿದ್ದೆ ಹತ್ತಲಿಲ್ಲ.

ಮೊದಲ ಲೇಸರ್ ಬೆಳಗಿದ್ದು 1960ರ ಮೇ 16ರಂದು, ಅಮೆರಿಕದಲ್ಲಿ, ಥಿಯೋಡರ್ ಮೈಮನ್ ಅವರ ಕೈಯಲ್ಲಿ, ಮಾಣಿಕ್ಯದ ಸಣ್ಣ ಸರಳಿನಿಂದ. ನಾಲ್ಕೇ ವರ್ಷಕ್ಕೆ, 1964ರಲ್ಲಿ, ಬೆಲ್ ಲ್ಯಾಬ್ಸ್‌ನಲ್ಲಿ ಯಾಗ್ ಹುಟ್ಟಿತು. ಅಲ್ಲೇ, ಅದೇ ವರ್ಷ, ನಮ್ಮ ಬಾರಾಮತಿಯಲ್ಲಿ ಹುಟ್ಟಿ ಪುಣೆಯಲ್ಲಿ ಎಂಜಿನಿಯರಿಂಗ್ ಓದಿದ ಕುಮಾರ್ ಪಟೇಲ್ ಕಾರ್ಬನ್ ಡೈಆಕ್ಸೈಡ್ ಲೇಸರ್ ಕಟ್ಟಿದರು. ಅದರ 10,600 ನ್ಯಾನೋಮೀಟರ್ ಬೆಳಕನ್ನು ನೀರು ಹೀರಿಕೊಳ್ಳುತ್ತದೆ. ನಮ್ಮ ಮೈಯೆಲ್ಲ ಬಹುಪಾಲು ನೀರೇ ಆದ್ದರಿಂದ ಅದು ಸರ್ಜನ್ನರ ಕತ್ತಿಯಾಯಿತು. ಕನ್ನಡಕ ಬಿಡಿಸುವ ಎಕ್ಸೈಮರ್‌ನ 193 ನ್ಯಾನೋಮೀಟರ್ ಬೆಳಕು ಕಾರ್ನಿಯಾದ ಮೇಲ್ಪದರ ದಾಟಿ ಒಳಗಿಳಿಯುವುದಿಲ್ಲ. ಮೂತ್ರಪಿಂಡದ ಕಲ್ಲು ಪುಡಿಮಾಡುವ ಹೋಲ್ಮಿಯಂನದು 2100. ಬಣ್ಣ ಬದಲಾದರೆ ಬೆಳಕಿನ ಕಸುಬೇ ಬದಲು. ವಾಶಿ ಸೇತುವೆಯ ಮೇಲೆ ಲೋಕಲ್ ಹಾಯುವಾಗ ಖಾಡಿಯಾಚೆ ಟ್ರಾಂಬೆಯ ಗುಡ್ಡ ಕಾಣುತ್ತದಲ್ಲ, ಅಲ್ಲಿನ ಪರಮಾಣು ಕೇಂದ್ರದವರೂ ಅರವತ್ತರ ದಶಕದಲ್ಲೇ ಈ ಬೆಳಕಿನ ಬೆನ್ನು ಹತ್ತಿದವರು.

ಲೇಸರುಗಳನ್ನು ಅಪಾಯ ನೋಡಿ 1ರಿಂದ 4ರವರೆಗೆ ವರ್ಗ ಮಾಡಿದ್ದಾರೆ. ಎರಡನೆಯ ವರ್ಗದ್ದು ಕಣ್ಣಿಗೆ ಕಾಣುವ ಬೆಳಕು, 1 ಮಿಲಿವಾಟ್ ದಾಟುವುದಿಲ್ಲ. ಕಾಲು ಸೆಕೆಂಡಿನಲ್ಲಿ ರೆಪ್ಪೆ ತಾನಾಗಿ ಮುಚ್ಚಿ ಕಣ್ಣು ಕಾಯುತ್ತದೆ ಎಂಬುದೇ ಅದರ ಲೆಕ್ಕ. ಮನುಷ್ಯನ ರೆಪ್ಪೆಯನ್ನು ನಂಬಿ ಬರೆದ ಈ ನಿಯಮ ನನಗೆ ಬಲು ಪ್ರೀತಿ. 500 ಮಿಲಿವಾಟ್ ದಾಟಿದರೆ ನಾಲ್ಕನೆಯ ವರ್ಗ. ಅಲ್ಲಿ ರೆಪ್ಪೆ ಮುಚ್ಚುವಷ್ಟರಲ್ಲಿ ಅಕ್ಷಿಪಟಲ ಸುಟ್ಟಿರುತ್ತದೆ. ಅದಕ್ಕೆ ನೋವಿನ ನರವಿಲ್ಲ, ಸುಟ್ಟದ್ದು ಆ ಕ್ಷಣ ತಿಳಿಯುವುದೂ ಇಲ್ಲ.

ಅವ್ವ ಈಗ ಪೇಪರಿನ ಸಣ್ಣಕ್ಷರದ ಜಾಹೀರಾತನ್ನೂ ಬಿಡುವುದಿಲ್ಲ. ಗಣಪತಿ ಹಬ್ಬ ಬಂದಾಗ ನನಗೆ ಅಂಜಿಕೆ. ಮೆರವಣಿಗೆಯ ದೊಡ್ಡ ಲೇಸರುಗಳು ಎಷ್ಟೋ ಸಲ ನಾಲ್ಕನೆಯ ವರ್ಗದವೇ. 2024ರಲ್ಲಿ ಪುಣೆ ಪೊಲೀಸರು ಅವನ್ನು ನಿಷೇಧಿಸಿದ್ದೂ ಇದಕ್ಕೇ. ಠಾಣೆ, ಕಲ್ಯಾಣ, ಡೊಂಬಿವಲಿಗಳ ತಂದೆತಾಯಂದಿರೇ, ಹೆಗಲ ಮೇಲೆ ಕೂತ ಮಗುವಿನ ಕಣ್ಣು ಸರಿಯಾಗಿ ಆ ಬೆಳಕಿನ ಎತ್ತರಕ್ಕೇ ಬರುತ್ತದೆ. ಲೇಸರ್ ಕಂಡ ಕೂಡಲೇ ಮಗುವನ್ನು ಕೆಳಗಿಳಿಸಿ, ಮುಖ ಆಚೆ ತಿರುಗಿಸಿ.