ದೀಪದಿಂದ ದೀಪಕ್ಕೆ

ಭಾನುವಾರ ಸಂಜೆ ಮಗಳು ಹಳೆಯ ಹಾರ್ಡ್ ಡಿಸ್ಕನ್ನು ಪ್ಲೇಸ್ಟೇಷನ್ 5ರ ಹಿಂದೆ ಸಿಕ್ಕಿಸಿದಳು. ಜಾಗ ಸಾಲದೆ ಹೋದ ವರ್ಷ ಅದರೊಳಗೆ ಎತ್ತಿಟ್ಟಿದ್ದ ಆಟ ಅವಳಿಗೆ ಮತ್ತೆ ಬೇಕಿತ್ತು. ಈ ಯಂತ್ರದ ಆಟಗಳನ್ನು ಹೊರಗಿನ ಡಿಸ್ಕಿನಲ್ಲಿ ಇಡುವ ಸೌಲಭ್ಯ 2021ರ ಏಪ್ರಿಲ್‌ನಲ್ಲಿ ಬಂತು. ಇಡಬಹುದು, ಆದರೆ ಅಲ್ಲಿಂದಲೇ ಆಡಲಾಗದು. ಒಳಗಿನ ಎಸ್‌ಎಸ್‌ಡಿಗೆ ಬಂದರೆ ಮಾತ್ರ ಅದಕ್ಕೆ ಜೀವ.

ಪರದೆಯ ಮೇಲೆ ಗೆರೆ ನಿಧಾನವಾಗಿ ತುಂಬುತ್ತಿತ್ತು. "ಅಪ್ಪಾ, ಇದು ಅದೇ ಆಟನಾ, ಇಲ್ಲ ನಕಲಾ?" ಎಂದಳು.

ಪ್ರಶ್ನೆ ನನ್ನನ್ನು ಹಿಡಿದು ನಿಲ್ಲಿಸಿತು. ಸ್ಥಳಾಂತರ ಎನ್ನುತ್ತೇವೆ, ಆದರೆ ಇಲ್ಲಿ ಯಾವ ವಸ್ತುವೂ ದಾಟಿ ಬರುವುದಿಲ್ಲ. ಯಂತ್ರ ಅಲ್ಲಿದ್ದುದನ್ನು ಓದಿ ಇಲ್ಲಿ ಹೊಸದಾಗಿ ಬರೆಯುತ್ತದೆ, ಆಮೇಲೆ ಅಲ್ಲಿಯದನ್ನು ಅಳಿಸುತ್ತದೆ. ಪಾಲಿ ಭಾಷೆಯ ಬೌದ್ಧ ಗ್ರಂಥ 'ಮಿಲಿಂದಪಞ್ಹ'ದಲ್ಲಿ ಮಿಲಿಂದ ರಾಜ ಭಿಕ್ಷು ನಾಗಸೇನನನ್ನು ಕೇಳುವುದೂ ಇದನ್ನೇ: ಏನೂ ದಾಟದೆ ಮರುಹುಟ್ಟು ಹೇಗೆ? ಒಂದು ದೀಪದಿಂದ ಇನ್ನೊಂದನ್ನು ಹಚ್ಚಿದಂತೆ ಎಂಬುದು ಭಿಕ್ಷುವಿನ ಉತ್ತರ. ಮರುಹುಟ್ಟಿದವನು ಅವನೇ ಅಲ್ಲ, ಬೇರೆಯವನೂ ಅಲ್ಲ.

ಗೆರೆ ತುಂಬಿತು. ಆಟ ತೆರೆದಾಗ ಮಗಳು ಬಿಟ್ಟುಹೋದ ಜಾಗದಲ್ಲೇ ನಿಂತಿದ್ದಳು. ಹೊರಗೆ ಹೋಗಿದ್ದು ಆಟ ಮಾತ್ರ. ಅವಳು ಆಡಿ ಉಳಿಸಿದ ಪುಟ್ಟ ಸೇವ್ ಫೈಲ್ ಯಂತ್ರದೊಳಗೇ ಕಾದಿತ್ತು.

ದೇವರ ಮನೆಯ ದೀಪಕ್ಕೆ ಬತ್ತಿ ಹೊಸೆಯುವಾಗ ನನ್ನ ಬೆರಳು ತೀರಿಹೋದ ಅಮ್ಮನ ಬೆರಳಿನಂತೆಯೇ ತಿರುಗುತ್ತದೆ. ಅದಕ್ಕಾಗಿ ಅಮ್ಮನಿಂದ ಯಾವ ವಸ್ತುವೂ ನನ್ನೊಳಗೆ ದಾಟಬೇಕಾಗಲಿಲ್ಲ. ಆದರೂ ಅವಳು ಮಾಡಿದ್ದು ಉಳಿದಿದೆ. ಒಡಲು ಬದಲಾಗಲಿ, ಮಾಡಿದ್ದರ ಮುಂದುವರಿಕೆಯೇ ನಾವು ಎಂದು ನಾನು ನಂಬುತ್ತೇನೆ.