ಅಳಿಸದೆ ಉಳಿಸಿದ ಮಾತು

ಅನ್ಯರ ದುಃಖವನ್ನು ಚಿತ್ರದಲ್ಲಿ ಹಿಡಿಯುವ ಹಕ್ಕು ನಮಗುಂಟೆ? ಗುಮಾಸ್ತನಾದ ನನಗೆ ಇಂಥ ಪ್ರಶ್ನೆ ಏಕೆ ಎಂದು ಓದುಗರು ಕೇಳಬಹುದು. ಅದಕ್ಕೊಂದು ಕಾರಣವಿದೆ.

2018ರ ಆಗಸ್ಟ್‌ನ ಮಹಾಪೂರದಲ್ಲಿ ಪಾಲಾರಿವಟ್ಟಂನ ನಮ್ಮ ಮನೆಗೆ ನೀರು ನುಗ್ಗಲಿಲ್ಲ. ಆದರೆ ಪೆರಿಯಾರ್ ಉಕ್ಕಿ ಆಲುವಾದ ಕಡೆ ಎಷ್ಟೋ ಸಂಸಾರಗಳು ಮನೆ ಬಿಟ್ಟಿದ್ದವು. ನಾವು ಕೆಲವು ಕನ್ನಡಿಗರು ಅಕ್ಕಿ, ಬಟ್ಟೆ ಕೊಂಡು ಅಲ್ಲಿಯ ಒಂದು ಪರಿಹಾರ ಶಿಬಿರಕ್ಕೆ ಹೋದೆವು. ಹಂಚುವಾಗ ನಾನು ಫೋಟೋ ತೆಗೆದೆ. ಒಬ್ಬ ವೃದ್ಧೆ ಮುಖ ತಿರುಗಿಸಿಕೊಂಡರು. ಮನೆಗೆ ಬಂದು ಆ ಭಾಗವನ್ನು ಕತ್ತರಿಸಿ, ನಗುಮುಖಗಳನ್ನಷ್ಟೇ ಉಳಿಸಿ ಎಲ್ಲರಿಗೂ ಕಳುಹಿಸಿದೆ. ಮೆಚ್ಚುಗೆಯೂ ಬಂತು.

ಮರುವರ್ಷ ಜೂನ್‌ನಲ್ಲಿ ತಿರುವನಂತಪುರದ ಸಾಕ್ಷ್ಯಚಿತ್ರೋತ್ಸವದಲ್ಲಿ ಆನಂದ್ ಪಟವರ್ಧನರ 'ವಿವೇಕ್' ಪ್ರದರ್ಶನಕ್ಕೆ ಕೇಂದ್ರದ ಸೆನ್ಸಾರ್ ವಿನಾಯಿತಿ ದೊರೆಯಲಿಲ್ಲ. ಕೊನೆಗೆ ನಮ್ಮ ಎರ್ನಾಕುಲಂನ ಹೈಕೋರ್ಟು ಅನುಮತಿಯಿತ್ತಿತು. ಗೌರಿ ಲಂಕೇಶರ ಹತ್ಯೆಯ ವಿಷಯವೂ ಅದರಲ್ಲಿದೆಯೆಂದು ತಿಳಿದು ಕುತೂಹಲವಾಯಿತು. ಅವರ ಹಳೆಯ ಚಿತ್ರಗಳನ್ನೂ ಹುಡುಕಿ ನೋಡಿದೆ.

1985ರ 'ಬಾಂಬೆ ಅವರ್ ಸಿಟಿ' ಗುಡಿಸಲು ಕಳೆದುಕೊಂಡವರ ಚಿತ್ರ. ಅದರಲ್ಲಿ ಒಬ್ಬ ಹೆಂಗಸು ಕ್ಯಾಮೆರಾ ಹಿಡಿದವರ ಮೇಲೆಯೇ ರೇಗುತ್ತಾಳೆ. ಬಡವರ ಚಿತ್ರ ತೆಗೆದು ನೀವು ಹೆಸರು ಮಾಡುತ್ತೀರಿ, ಅದರಿಂದ ನಮಗೇನು ಬಂತು ಎಂಬುದು ಆಕೆಯ ಮಾತಿನ ಸಾರ. ಪಟವರ್ಧನರು ಅದನ್ನು ಕತ್ತರಿಸಲಿಲ್ಲ. ಬಿ.ಎಸ್ಸಿ. ಓದುವಾಗ ಪ್ರಯೋಗಶಾಲೆಯಲ್ಲಿ ನಮಗೆ ಕಲಿಸಿದ್ದೂ ಇದನ್ನೇ: ಲೆಕ್ಕಕ್ಕೆ ಹೊಂದದ ಅಳತೆಯನ್ನು ಹೊಡೆದುಹಾಕಬಾರದು.

ಮಾತನ್ನು ಉಳಿಸಿಕೊಂಡ ಮಾತ್ರಕ್ಕೆ ಆಕೆಗೆ ಸೂರು ಸಿಕ್ಕೀತೆ? ಇಲ್ಲ. ಹಾಗೆಂದು ಕ್ಯಾಮೆರಾವನ್ನೇ ಒಳಗಿಟ್ಟರೆ ಕೆಡವಿದವರ ಮಾತಷ್ಟೇ ಉಳಿಯುತ್ತದೆ. ಅವರ ಮುಂದಿನ ನಡೆಯಲ್ಲಿ ನನಗೊಂದು ಉತ್ತರ ಕಂಡಿತು. ಇದೇ ಚಿತ್ರದಲ್ಲಿ ಹಾಡಿದ್ದ ಕವಿ ವಿಲಾಸ್ ಘೋಗ್ರೆ, 1997ರ ಜುಲೈನಲ್ಲಿ ಮುಂಬಯಿಯ ರಮಾಬಾಯಿ ನಗರದಲ್ಲಿ ಪೊಲೀಸರ ಗುಂಡಿಗೆ 10 ಮಂದಿ ಬಲಿಯಾದ ಬಳಿಕ ಆತ್ಮಹತ್ಯೆ ಮಾಡಿಕೊಂಡರು. ಪಟವರ್ಧನರು ಆ ಜನರ ಬಳಿಗೆ ಮರಳಿ ಹೋದರು. 14 ವರ್ಷ ಚಿತ್ರೀಕರಿಸಿದ ಮೇಲೆ, 2011ರಲ್ಲಿ 'ಜೈ ಭೀಮ್ ಕಾಮ್ರೇಡ್' ಹೊರಬಂತು. ಚಿತ್ರ ತೆಗೆದು ಹೊರಟುಹೋಗುವುದು ಬೇರೆ, ತೆಗೆದವರ ಋಣವನ್ನು ಹೊತ್ತು ನಡೆಯುವುದು ಬೇರೆ.

ಅವರ ನಿಲುವುಗಳನ್ನೆಲ್ಲ ಎಲ್ಲರೂ ಒಪ್ಪಬೇಕೆಂದಿಲ್ಲ. ತಮಗೇ ತಾಗುವ ಮಾತನ್ನು ಬಚ್ಚಿಡದ ಆ ಪ್ರಾಮಾಣಿಕತೆಯನ್ನಂತೂ ಒಪ್ಪಲೇಬೇಕು.

ಆಲುವಾದ ಆ ವೃದ್ಧೆಯ ಮುಖ ಎಲ್ಲರಿಗೂ ಕಾಣಬೇಕಿತ್ತೆಂದು ನಾನು ಹೇಳುತ್ತಿಲ್ಲ. ಆಕೆಗೆ ಅದು ಬೇಡವಾಗಿತ್ತು. ಆದರೆ ಕೊಟ್ಟವರ ಸಂತೋಷವನ್ನು ಬರೆದ ನಾನು, ಪಡೆದವರೊಬ್ಬರು ಮುಖ ತಿರುಗಿಸಿದರೆಂಬ ಒಂದು ಸಾಲನ್ನೂ ಬರೆಯಬಹುದಿತ್ತು. ಆಕೆಯ ಹೆಸರು ಕೇಳುವಷ್ಟು ಮಲಯಾಳ ನನಗೆ ಬರುತ್ತಿತ್ತು. ಕೇಳಲಿಲ್ಲ.